ಚಾರ್ಜ್‌ಶೀಟ್‌ಗಿಂತ ಮೊದಲು ಓದಬೇಕಾದದ್ದು

ಹುಬ್ಬಳ್ಳಿ

ಚಿ. ಶೈಲಾ,

ನಿನ್ನ ಪತ್ರ ಮುಟ್ಟಿತು. ಸೀನಿಯರ್ ನಿನಗೆ ಲೇಬರ್ ಕೋರ್ಟಿನ ಕಡತ ಒಪ್ಪಿಸಿದ್ದಾರೆಂದು ನಿನ್ನ ದೊಡ್ಡಮ್ಮ ಆಗಲೇ ಓಣಿಗೆಲ್ಲ ಸುದ್ದಿ ಹಂಚಿ ಬಂದಿದ್ದಾಳೆ. ನೂಲಿನ ಗಿರಣಿ, ರಾತ್ರಿ ಪಾಳಿ, ರಿಂಗ್ ಫ್ರೇಮ್ ಪಕ್ಕದಲ್ಲೇ ನಿದ್ದೆ ಹೋದ ಕಾರ್ಮಿಕ, ಕೊನೆಗೆ ವಜಾ. ನಿದ್ದೆ ಮಾಡಿದ್ದನ್ನು ಅವನೇ ಒಪ್ಪಿಕೊಂಡ ಮೇಲೆ ವಾದಿಸುವುದೇನು ಉಳಿಯಿತು ಎಂದು ಕೇಳಿದ್ದೀಯ. ಬೇಕಾದಷ್ಟು ಉಳಿದಿದೆ, ಮಗಳೇ.

ಒಂದು ಕಾಲಕ್ಕೆ ನಿನ್ನ ಮಾತು ನಿಜವಿತ್ತು. 1958ರ ಇಂಡಿಯನ್ ಐರನ್ ಅಂಡ್ ಸ್ಟೀಲ್ ತೀರ್ಪಿನ ಪ್ರಕಾರ, ಮಾಲೀಕರಿಗೆ ದುರುದ್ದೇಶವಿದ್ದರೆ, ಸೇಡು ಕಂಡರೆ, ವಿಚಾರಣೆ ನ್ಯಾಯವಾಗಿ ನಡೆಯದಿದ್ದರೆ ಅಥವಾ ನಿರ್ಣಯಕ್ಕೆ ಬುಡವೇ ಇಲ್ಲದಿದ್ದರೆ ಮಾತ್ರ ನ್ಯಾಯಮಂಡಳಿ ಕೈಹಾಕಬಹುದಿತ್ತು. ಶಿಕ್ಷೆ ಹೆಚ್ಚಾಯಿತೋ ಕಡಿಮೆಯಾಯಿತೋ ಎಂಬುದು ಮಾಲೀಕರಿಗೇ ಬಿಟ್ಟ ವಿಷಯ. 1971ರಲ್ಲಿ ಕೈಗಾರಿಕಾ ವಿವಾದಗಳ ಕಾಯ್ದೆಗೆ 11ಎ ಕಲಂ ಸೇರಿದ ಮೇಲೆ ಚಿತ್ರ ಬದಲಾಯಿತು. ತಪ್ಪು ರುಜುವಾತಾಗಿದ್ದರೂ ವಜಾ ಅತಿಯಾಯಿತು ಎನಿಸಿದರೆ ನ್ಯಾಯಾಲಯ ಅದನ್ನು ರದ್ದು ಮಾಡಿ, ಸಣ್ಣ ಶಿಕ್ಷೆ ಕೊಟ್ಟು, ಕೆಲಸಕ್ಕೆ ಮರಳಿಸಬಹುದು.

ಆ ಅಳತೆ ಹೇಗೆ ನಡೆಯುತ್ತದೆಂದು ತಿಳಿಯಲು ಮಹಾರಾಷ್ಟ್ರದ ಎರಡು ಪ್ರಕರಣಗಳನ್ನು ಜೋಡಿಸಿ ಓದು. ಎರಡೂ ಆ ರಾಜ್ಯದ್ದೇ ಕಾರ್ಮಿಕ ಕಾಯ್ದೆಯಡಿ ಬಂದವು, ಎರಡೂ ನಿದ್ದೆಯವು. ಕಲರ್ ಕೆಮ್ ಪ್ರಕರಣದಲ್ಲಿ ರಾತ್ರಿ ಪಾಳಿಯಲ್ಲಿ ಮಲಗಿದ್ದ ಆಪರೇಟರುಗಳನ್ನು ಮನೆಗೆ ಕಳಿಸಿದ್ದರು. ತಪ್ಪಿಗೂ ಶಿಕ್ಷೆಗೂ ತಾಳೆಯೇ ಇಲ್ಲವೆಂದು 1998ರಲ್ಲಿ ಸುಪ್ರೀಂ ಕೋರ್ಟ್ ಮರುನೇಮಕವನ್ನು ಎತ್ತಿಹಿಡಿಯಿತು. ಹಿಂಬಾಕಿ ವೇತನ ಮಾತ್ರ ಪೂರ್ತಿ ಸಿಗಲಿಲ್ಲ. ಭಾರತ್ ಫೋರ್ಜ್ ಕಾರ್ಮಿಕ 1983ರಲ್ಲಿ ಹಾಡುಹಗಲು 11.40ಕ್ಕೆ ಕಬ್ಬಿಣದ ಹಲಗೆಯ ಮೇಲೆ ಗಾಢ ನಿದ್ದೆಯಲ್ಲಿ ಸಿಕ್ಕಿಬಿದ್ದ. ಹಿಂದೆಯೂ ಮೂರು ಸಲ ಅವನು ಇಂಥದ್ದೇ ತಪ್ಪು ಮಾಡಿದ್ದ. 2005ರಲ್ಲಿ ಅದೇ ಸುಪ್ರೀಂ ಕೋರ್ಟ್ ಅವನ ವಜಾವನ್ನು ಸರಿ ಎಂದಿತು.

ಆದ್ದರಿಂದ ಚಾರ್ಜ್‌ಶೀಟ್ ಬಿಚ್ಚುವ ಮೊದಲು ನಿನ್ನ ಕಕ್ಷಿದಾರನ ಸರ್ವೀಸ್ ದಾಖಲೆ ತರಿಸಿ ಓದು. ಹಿಂದೆ ಮೆಮೊ ಬಂದಿತ್ತೇ? ಹಾಜರಿ ಪುಸ್ತಕದಲ್ಲಿ ಹಿಂದಿನ ವಾರದ ಪಾಳಿಗಳು ಹೇಗಿವೆ? ಮಧ್ಯಾಹ್ನದ ಪಾಳಿ ಮುಗಿಸಿದವನನ್ನೇ ಆಳು ಬರಲಿಲ್ಲವೆಂದು ರಾತ್ರಿಗೂ ನಿಲ್ಲಿಸಿಕೊಂಡಿದ್ದರೇ? ಅದೇ ರಾತ್ರಿ ಇನ್ಯಾರಾದರೂ ಮಲಗಿದ್ದು ಬರೀ ಎಚ್ಚರಿಕೆಯಲ್ಲಿ ಪಾರಾದರೇ? ಇವನ್ನೆಲ್ಲ ಲೇಬರ್ ಕೋರ್ಟಿನಲ್ಲೇ ದಾಖಲೆಗೆ ತರಬೇಕು. ರಿಟ್ ಹಾಕಿಕೊಂಡು ಧಾರವಾಡ ಪೀಠಕ್ಕೆ ಹೋದ ಮೇಲೆ ಹೈಕೋರ್ಟ್ ಸಾಕ್ಷ್ಯವನ್ನು ಮತ್ತೆ ಮೊದಲಿನಿಂದ ತೂಗಲು ಕೂರುವುದಿಲ್ಲ.

ಗಿರಣಿಯವರ ಆಂತರಿಕ ವಿಚಾರಣೆಯಲ್ಲಿ ಪಾಟೀಸವಾಲಿಗೆ ಅವಕಾಶವೇ ಕೊಟ್ಟಿಲ್ಲವೆಂದು ಉತ್ಸಾಹದಿಂದ ಬರೆದಿದ್ದೀಯ. ಒಳ್ಳೆಯ ಅಂಶವೇ, ಆದರೆ ಅಷ್ಟಕ್ಕೇ ಗೆದ್ದೆವೆಂದು ಹಿಗ್ಗಬೇಡ. ವಿಚಾರಣೆ ದೋಷಪೂರಿತ ಎಂದಾದರೂ ಆಡಳಿತ ವರ್ಗ ನ್ಯಾಯಾಲಯದ ಮುಂದೆ ಹೊಸದಾಗಿ ಸಾಕ್ಷ್ಯ ಕೊಟ್ಟು ಆರೋಪ ರುಜುವಾತುಪಡಿಸಬಹುದು. 1973ರ ಫೈರ್‌ಸ್ಟೋನ್ ತೀರ್ಪಿನಲ್ಲಿ ಅದು ಸ್ಪಷ್ಟವಾಗಿದೆ.

ಇನ್ನು ದುಡ್ಡಿನ ಮಾತು. ಅನ್ಯಾಯವಾಗಿ ವಜಾ ಆಗಿದ್ದರೆ ಮರುನೇಮಕದ ಜೊತೆ ಹಿಂಬಾಕಿ ವೇತನ ಕೊಡುವುದೇ ಸಾಮಾನ್ಯ ನಿಯಮ ಎಂದು 2013ರಲ್ಲಿ ದೀಪಾಲಿ ಗುಂಡು ಸುರ್ವಸೆ ತೀರ್ಪು ಹೇಳಿತು. ಆದರೆ ಬೇರೆ ಕಡೆ ಸಂಪಾದನೆ ಇರಲಿಲ್ಲವೆಂದು ಕಾರ್ಮಿಕ ಮೊದಲು ತಾನೇ ಹೇಳಬೇಕು. ಆಮೇಲೆ, ಅವನು ದುಡಿಯುತ್ತಿದ್ದ ಎಂದು ತೋರಿಸುವ ಹೊಣೆ ಮಾಲೀಕರದು. ಕ್ಲೈಮ್ ಸ್ಟೇಟ್‌ಮೆಂಟಿನಲ್ಲಿ ಆ ಸಾಲು ಇದೆಯೇ ನೋಡು. ಮರುನೇಮಕದ ಅವಾರ್ಡ್ ಬಂದು ಗಿರಣಿಯವರು ಹೈಕೋರ್ಟ್ ಹತ್ತಿದರೆ ಕೈಗಾರಿಕಾ ವಿವಾದಗಳ ಕಾಯ್ದೆಯ 17ಬಿ ಕಲಂ ಮರೆಯಬೇಡ. ಎಲ್ಲೂ ಕೆಲಸದಲ್ಲಿಲ್ಲ ಎಂದು ಅಫಿಡವಿಟ್ ಕೊಟ್ಟರೆ, ಪ್ರಕರಣ ಮುಗಿಯುವವರೆಗೂ ಕೊನೆಯ ಸಂಬಳದ ಲೆಕ್ಕದಲ್ಲಿ ಅವನಿಗೆ ವೇತನ ಸಿಗುತ್ತದೆ. ಅಷ್ಟು ವರ್ಷ ಒಲೆ ಉರಿಯುವುದೂ ನ್ಯಾಯದ ಒಂದು ಭಾಗವೇ.

2025ರ ನವೆಂಬರ್ 21ರಿಂದ ಆ ಕಾಯ್ದೆಯ ಬದಲು ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದಿದೆ, ಕಲಂಗಳ ನಂಬರು ಹೊಸದಾಗಿ ಕಲಿಯಬೇಕು. ವಜಾ ಅತಿಯಾಯಿತೇ ಎಂದು ನೋಡುವ ಅಧಿಕಾರ ಮಾತ್ರ ಅಲ್ಲೂ ಉಳಿದಿದೆ.

ಒಂದು ಮಾತು ಕಟ್ಟುನಿಟ್ಟಾಗಿ ಹೇಳುತ್ತೇನೆ. ಅವನ ದಾಖಲೆ ಕೆಟ್ಟದ್ದಿದ್ದರೆ, ಗೆಲ್ಲಿಸಿಕೊಡುತ್ತೇನೆಂದು ಭರವಸೆ ಕೊಟ್ಟು ವರ್ಷಗಟ್ಟಲೆ ಅಲೆಸಬೇಡ. ಹೆಂಡತಿಯೂ ಎದುರಿಗಿರುವಾಗ ಇದ್ದದ್ದನ್ನು ಇದ್ದಂತೆ ಹೇಳಿ, ರಾಜಿಯ ದಾರಿಯನ್ನೂ ತೋರಿಸು. ದಾಖಲೆ ಸ್ವಚ್ಛವಾಗಿದ್ದರೆ, ಎಷ್ಟೇ ವಾಯಿದೆ ಬೀಳಲಿ, ಬಿಡಬೇಡ.

ಮುಂದಿನ ಭಾನುವಾರ ಊಟಕ್ಕೆ ಬಾ, ಕಡತವನ್ನೂ ತಾ.

ಇಂತಿ ನಿನ್ನ,
ದೊಡ್ಡಪ್ಪ