ರಾಗಿ ಕಾಳಿನಿಂದ ಆಫ್ರಿಕದವರೆಗೆ: ಎಮ್ಮೆದೊಡ್ಡಿ ಕಡೆಯ ಶಾಲೆಗೆ ಒಂದು ಪಾಠಸಿದ್ಧತೆ

ಸಮಾಜ ವಿಜ್ಞಾನದ ಬೋಧನಾಭ್ಯಾಸದಲ್ಲಿ ಆಫ್ರಿಕ ಖಂಡದ ಪಾಠ ಬಂದಾಗ ಬಹುತೇಕ ಪಾಠಯೋಜನೆಗಳು ಒಂದೇ ತೆರನಾಗಿ ಆರಂಭವಾಗುತ್ತವೆ. ಭೂಪಟ ತೂಗುಹಾಕಿ, ‘ಆಫ್ರಿಕ ಎಂದರೆ ನಿಮಗೆ ಏನು ನೆನಪಾಗುತ್ತದೆ?’ ಎಂದು ಕೇಳುವುದು. ಕಾಡು, ಸಿಂಹ, ಮರುಭೂಮಿ, ಬಡತನ, ಕರಿಯರು ಎಂಬ ಉತ್ತರಗಳು ಬರುತ್ತವೆ. ಪ್ರಶಿಕ್ಷಣಾರ್ಥಿ ಅವನ್ನು ಕಪ್ಪುಹಲಗೆಯ ಮೇಲೆ ಬರೆದು, ‘ಸರಿಯಾಗಿ ಹೇಳಿದಿರಿ’ ಎಂದು ಮುಂದೆ ಸಾಗುತ್ತಾರೆ. ಪೂರ್ವಜ್ಞಾನದ ಕಲಂ ತುಂಬಿತು. ತುಂಬಿದ್ದು ಪೂರ್ವಗ್ರಹದಿಂದ ಎಂಬುದನ್ನು ವೀಕ್ಷಣಾ ಪುಸ್ತಕದಲ್ಲಿ ಬರೆಯುವವರು ಕಡಿಮೆ.

ಎಮ್ಮೆದೊಡ್ಡಿ ಸುತ್ತಿನ ಶಾಲೆಗೆ ಹೋಗುವವರು ಭೂಪಟವನ್ನು ಸ್ವಲ್ಪ ಹೊತ್ತು ಸುತ್ತಿಯೇ ಇಡಲಿ. ಮೇಜಿನ ಮೇಲೆ ಒಂದು ಹಿಡಿ ರಾಗಿ, ಒಂದು ತೆನೆ ಜೋಳ, ನಾಲ್ಕು ಕಾಫಿ ಬೀಜ ಇಟ್ಟು, ‘ಇವು ಯಾವ ಊರಿನವು?’ ಎಂದು ಕೇಳಲಿ. ‘ನಮ್ಮೂರಿನವೇ ಮಿಸ್’ ಎಂಬ ಉತ್ತರ ಖಂಡಿತ. ರಾಗಿಯನ್ನು ಮೊದಲು ಬೆಳೆಯಾಗಿ ಪಳಗಿಸಿದವರು ಪೂರ್ವ ಆಫ್ರಿಕದ, ಅಂದರೆ ಇಥಿಯೋಪಿಯ ಮತ್ತು ಉಗಾಂಡದ ಎತ್ತರದ ನಾಡಿನ ರೈತರು. ಜೋಳದ ತವರೂ ಆಫ್ರಿಕವೇ. ಕಾಫಿ ಇಥಿಯೋಪಿಯದ ಗಿಡ. ಯೆಮೆನ್‌ನಿಂದ ಏಳು ಬೀಜ ತಂದ ಬಾಬಾಬುಡನ್ ಕತೆ ನಮ್ಮ ಜಿಲ್ಲೆಯ ಮಕ್ಕಳಿಗೆ ಹೊಸದಲ್ಲ. ಇಲ್ಲಿ ಒಂದು ಪ್ರಶ್ನೆಯನ್ನು ಬಿಡಬಾರದು: ಕಾಡು ಹುಲ್ಲು ತನ್ನಷ್ಟಕ್ಕೆ ರಾಗಿ ಆಯಿತೇ? ಒಕ್ಕಣೆ ನೋಡಿದ ಮಕ್ಕಳಿಗೆ ಉತ್ತರ ಸಿಗುತ್ತದೆ. ಕಾಳು ನೆಲಕ್ಕೆ ಉದುರದೆ ತೆನೆಯಲ್ಲೇ ನಿಲ್ಲುವ ಪೈರನ್ನು ಆರಿಸಿ, ಅದರದ್ದೇ ಬೀಜ ಎತ್ತಿಟ್ಟು, ತಲೆಮಾರುಗಟ್ಟಲೆ ಬಿತ್ತಿದ ಕೈಗಳು ಬೇಕು. ರಾತ್ರಿ ಉಂಡ ಮುದ್ದೆಯ ಹಿಂದೆ ಆಫ್ರಿಕದ ರೈತರ ಬುದ್ಧಿ ಇದೆ ಎಂದು ಗೊತ್ತಾದ ಮೇಲೆ ಭೂಪಟ ಬಿಚ್ಚಿದರೆ, ಮಕ್ಕಳು ಅದನ್ನು ನೋಡುವ ಬಗೆಯೇ ಬೇರೆ.

ಇತಿಹಾಸದ ಭಾಗದಲ್ಲಿ ‘ಆಫ್ರಿಕದವರಿಗೆ ಬರೆದ ಇತಿಹಾಸವಿಲ್ಲ’ ಎಂಬ ಮಾತು ನುಸುಳುತ್ತದೆ. ಇಥಿಯೋಪಿಯಕ್ಕೆ ತನ್ನದೇ ಪ್ರಾಚೀನ ಲಿಪಿ ಇದೆ, ಟಿಂಬಕ್ಟುವಿನಲ್ಲಿ ಹಸ್ತಪ್ರತಿಗಳ ರಾಶಿಯೇ ಇದೆ. ಆದ್ದರಿಂದ ಆ ಮಾತು ಅರ್ಧಕ್ಕರ್ಧ ಸುಳ್ಳು. ಬರೆಯದ ಇತಿಹಾಸವೂ ಇತಿಹಾಸವೇ ಎಂದು ತಿಳಿಸಲು ದೂರ ಹೋಗಬೇಕಿಲ್ಲ. ಹತ್ತಿರದ ಮದಗದ ಕೆರೆಯ ಜನಪದ ಹಾಡನ್ನು ಮಕ್ಕಳಿಂದಲೇ ಹೇಳಿಸಿ, ಅದು ಯಾವ ಪುಸ್ತಕದಿಂದ ಬಂತು ಎಂದು ಕೇಳಿ. ಆಮೇಲೆ ಪಶ್ಚಿಮ ಆಫ್ರಿಕದ ಗ್ರಿಯೋಗಳ ವಿಷಯಕ್ಕೆ ಬನ್ನಿ: ವಂಶಾವಳಿ ಮತ್ತು ಚರಿತ್ರೆಯನ್ನು ನೆನಪಿನಲ್ಲಿಟ್ಟು ಹಾಡುವುದೇ ಅವರ ಕುಲವೃತ್ತಿ. 13ನೆಯ ಶತಮಾನದಲ್ಲಿ ಮಾಲಿ ಸಾಮ್ರಾಜ್ಯ ಕಟ್ಟಿದ ಸುಂಡಿಯಾಟಾನ ಕತೆ ಉಳಿದದ್ದು ಅವರ ಬಾಯಲ್ಲಿ.

ಎರಡನೆಯ ಅವಧಿ ಕರ್ನಾಟಕದ್ದೇ. ಇಥಿಯೋಪಿಯದಲ್ಲಿ ಹುಟ್ಟಿ, ಗುಲಾಮನಾಗಿ ಕೈಯಿಂದ ಕೈಗೆ ಮಾರಾಟವಾಗಿ ದಖ್ಖನಿಗೆ ಬಂದ ಮಲಿಕ್ ಅಂಬರ್ ಅಹ್ಮದ್‌ನಗರ ರಾಜ್ಯದ ಸೂತ್ರ ಹಿಡಿದು, 1626ರಲ್ಲಿ ಸಾಯುವವರೆಗೂ ಮೊಗಲರನ್ನು ತಡೆದು ನಿಲ್ಲಿಸಿದ. ಬಿಜಾಪುರದ ಆದಿಲಶಾಹಿ ಆಸ್ಥಾನದಲ್ಲಿ ಇಖ್ಲಾಸ್ ಖಾನನಂಥ ಹಬ್ಶಿ ಸರದಾರರಿದ್ದರು. ಆದರೆ ಸರದಾರರ ಕತೆಯಲ್ಲೇ ಮುಗಿಸಬೇಡಿ. ಪೋರ್ಚುಗೀಸರು ಗೋವೆಗೆ ತಂದ ಗುಲಾಮರಲ್ಲಿ ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದವರ ಸಂತತಿ ಇಂದಿಗೂ ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾ ಕಡೆ ಇದೆ. ಅವರೇ ಸಿದ್ದಿಗಳು. ಮನೆಮಾತು ಕೊಂಕಣಿಯೋ ಉರ್ದುವೋ, ಪೇಟೆಯಲ್ಲಿ ಕನ್ನಡ. ಅವರಲ್ಲಿ ಹಿಂದೂ, ಮುಸ್ಲಿಂ, ಕ್ರೈಸ್ತ ಮೂವರೂ ಇದ್ದಾರೆ. 2003ರಲ್ಲಿ ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದರು. ಡಮಾಮಿ ಕುಣಿತದ ವಿಡಿಯೋ ಒಂದನ್ನು ತೋರಿಸಿ ಮುಗಿಸುವ ಚಾಳಿ ನಮ್ಮಲ್ಲಿದೆ. ಕುಣಿತದ ಜೊತೆಗೆ ಅವರ ಹೊಲ, ಕೌದಿ, ಶಾಲೆ, ಜಮೀನಿನ ಹಕ್ಕಿನ ಪ್ರಶ್ನೆಯೂ ಬರಲಿ. 1980ರ ದಶಕದಲ್ಲಿ ಮಂಚಿಕೇರಿಯ ಸಿದ್ದಿಗಳು ನೈಜೀರಿಯದ ಚಿನುವಾ ಅಚೆಬೆಯ ಕಾದಂಬರಿಯನ್ನು ಕನ್ನಡ ನಾಟಕವಾಗಿ ಆಡಿದ್ದನ್ನೂ ಹೇಳಿ.

ನಂಬಿಕೆಯ ಭಾಗಕ್ಕೆ ‘ಹಿರಿಯರು’ ಎಂಬ ಒಂದು ಪದ ಸಾಕು. ಯಾವ ಧರ್ಮದ ಸಿದ್ದಿಗಳಾದರೂ ತೀರಿಕೊಂಡ ಹಿರಿಯರನ್ನು ನೆನೆದು ಪೂಜಿಸುವುದುಂಟು. ಯಲ್ಲಾಪುರ ಸೀಮೆಯ ಸಿದ್ದಿನಾಸ್ ಅವರೆಲ್ಲರಿಗೂ ನಡೆದುಕೊಳ್ಳುವ ದೈವ. ನಮ್ಮ ಮಕ್ಕಳ ಮನೆಗಳಲ್ಲಿ ಪಕ್ಷದ ಹಬ್ಬಕ್ಕೆ ಹಿರಿಯರಿಗೆ ಎಡೆ ಇಡುತ್ತಾರೆ. ಘಾನದ ಅಕಾನ್ ಜನ ನೆಲಕ್ಕೆ ಪಾನೀಯ ಸುರಿದು ಹಿರಿಯರನ್ನು ಕರೆಯುತ್ತಾರೆ, ಜಿಂಬಾಬ್ವೆಯ ಶೋನಾ ಜನ ಎಂಬಿರಾ ನುಡಿಸಿ ಕರೆಯುತ್ತಾರೆ. ಎಡೆ ಇಡುವುದು ಸಂಪ್ರದಾಯ, ಪಾನೀಯ ಸುರಿಯುವುದು ಮೂಢನಂಬಿಕೆ ಎಂದು ಬರೆದ ಟಿಪ್ಪಣಿಯನ್ನು ಮಾರ್ಗದರ್ಶಕರು ತಿದ್ದಿಸಲೇಬೇಕು. ಹಾಗೆಂದು ಎರಡೂ ಒಂದೇ ಎಂದು ಸಾರಿಸುವುದೂ ಬೇಡ. ಇಥಿಯೋಪಿಯಕ್ಕೆ 4ನೆಯ ಶತಮಾನದಲ್ಲೇ ಕ್ರೈಸ್ತ ಧರ್ಮ ಬಂದಿತ್ತು. ಮಾಲಿಯ ಮಾನ್ಸಾ ಮೂಸಾ 1324ರಲ್ಲಿ ಮೆಕ್ಕಾ ಯಾತ್ರೆ ಮಾಡಿದ. ‘ಆಫ್ರಿಕದ ಧರ್ಮ’ ಎಂಬ ಏಕವಚನವೇ ತಪ್ಪು.

ಈ ಪಾಠದಲ್ಲಿ ಕಷ್ಟದ ಗಳಿಗೆಯೊಂದು ಬಂದೇ ಬರುತ್ತದೆ. ಚಿತ್ರ ತೋರಿಸಿದ ಕೂಡಲೇ ಹಿಂದಿನ ಸಾಲಿನಿಂದ ಯಾರೋ ಕಪ್ಪಗಿರುವ ಸಹಪಾಠಿಯ ಹೆಸರು ಕೂಗುತ್ತಾರೆ, ತರಗತಿ ನಗುತ್ತದೆ. ‘ಸೈಲೆನ್ಸ್’ ಎಂದರೆ ನಗು ನಿಲ್ಲುತ್ತದೆ, ಆ ಮಗುವಿನ ತಲೆ ಮಾತ್ರ ಎದ್ದಿರುವುದಿಲ್ಲ. ಆ ಮಗುವನ್ನು ಎದ್ದು ನಿಲ್ಲಿಸಿ ಸಮಾಧಾನ ಹೇಳಬೇಡಿ. ಅದು ಎರಡನೆಯ ಅವಮಾನ. ಪ್ರಶ್ನೆಯನ್ನು ನಕ್ಕವರ ಕಡೆ ತಿರುಗಿಸಿ: ನಮ್ಮ ಸೀಮೆಯಲ್ಲಿ ಕರಿಯಮ್ಮ ಎಂದು ದೇವಿಗೇ ಹೆಸರಿದೆ, ಕರಿಯಪ್ಪ ಎಂದು ಮಕ್ಕಳಿಗೆ ಹೆಸರಿಡುತ್ತಾರೆ, ಹಾಗಿದ್ದ ಮೇಲೆ ಈ ಪದ ಬೈಗುಳವಾದದ್ದು ಹೇಗೆ? ಉತ್ತರ ಬರಲು ಸಮಯ ಕೊಡಿ. ಪಾಠಯೋಜನೆಯಲ್ಲಿ ಇದಕ್ಕೆ ಐದು ನಿಮಿಷ ಮೊದಲೇ ತೆಗೆದಿಡುವುದು ಒಳ್ಳೆಯದು.

ಮೌಲ್ಯಮಾಪನಕ್ಕೆ ರಾಜಧಾನಿಗಳ ಪಟ್ಟಿ ಬೇಡ. ಮನೆಯಲ್ಲಿ ಅಜ್ಜಿಯನ್ನೋ ತಾತನನ್ನೋ ಕೇಳಿ, ಎಲ್ಲೂ ಬರೆದಿರದ ಒಂದು ಊರಿನ ಸಂಗತಿ ತಂದು ಹೇಳಲಿ. ಅದನ್ನು ಯಾರು ಯಾರಿಂದ ಕೇಳಿದರು ಎಂಬುದನ್ನೂ ಸೇರಿಸಲಿ. ಆರಂಭದ ಐದು ಪದಗಳನ್ನು ಕಪ್ಪುಹಲಗೆಯ ಮೂಲೆಯಲ್ಲಿ ಬರೆದು, ಯಾವುದನ್ನು ಅಳಿಸಬೇಕು, ಯಾವುದನ್ನು ತಿದ್ದಬೇಕು ಎಂದು ಮಕ್ಕಳೇ ತೀರ್ಮಾನಿಸಲಿ. ಸಿಂಹವನ್ನು ಅವರು ಉಳಿಸಿಕೊಳ್ಳುತ್ತಾರೆ, ಅಡ್ಡಿಯಿಲ್ಲ.