ಮನೆಯ ಕೋಣೆಯಲ್ಲಿ ಹಾಡು ಮುದ್ರಿಸಲು ಹೊರಟವರಿಗೆ

ಕಲಿಯುವ ಹುಮ್ಮಸ್ಸಿನ ಕಿರಿಯರಿಗೆ,

ಮನೆಯಲ್ಲೇ ಹಾಡು ಮುದ್ರಿಸಲು ಮೊದಲು ಬೇಕಾದದ್ದು ಒಂದು ಒಳ್ಳೆಯ ಕೋಣೆ, ಆಮೇಲೆ ಮೈಕು, ಕೊನೆಗೆ ಕಂಪ್ಯೂಟರು. ಹೊಸಬರು ಹೆಚ್ಚಾಗಿ ಇದನ್ನು ತಿರುಗುಮುರುಗು ಮಾಡಿಕೊಳ್ಳುತ್ತಾರೆ. ಕೈಯಲ್ಲಿದ್ದ ಹಣವೆಲ್ಲ ಸಾಫ್ಟ್‌ವೇರಿಗೂ ಉಪಕರಣಗಳಿಗೂ ಖರ್ಚಾದ ಮೇಲೆ ಕೋಣೆಯ ಪ್ರತಿಧ್ವನಿ ಅವರ ಕಿವಿಗೆ ಬೀಳುತ್ತದೆ. ಈ ಪತ್ರದಲ್ಲಿ ಉದಾಹರಣೆಗೆ ಇಟ್ಟುಕೊಂಡಿರುವುದು ಒಂದು ಭಾವಗೀತೆ: ಒಂದು ಕಂಠ, ಹಾರ್ಮೋನಿಯಂ, ತಬಲಾ, ತಂಬೂರಿ. ಕನ್ನಡದ ಮನೆಗಳಲ್ಲಿ ಸುಲಭವಾಗಿ ಒಟ್ಟುಗೂಡುವ ಮೇಳ ಇದು. ಇದನ್ನು ಸರಿಯಾಗಿ ಮುದ್ರಿಸಲು ಕಲಿತವರಿಗೆ ಉಳಿದದ್ದು ಕಷ್ಟವಲ್ಲ.

ಮನೆಯಲ್ಲಿ ಮುದ್ರಿಸುವುದು ಹೊಸ ಹುಚ್ಚೇನೂ ಅಲ್ಲ. ಅಮೆರಿಕದ ಗಿಟಾರ್ ವಾದಕ ಲೆಸ್ ಪಾಲ್ ತನ್ನ ಮನೆಯ ಗ್ಯಾರೇಜಿನಲ್ಲಿ ತಾನೇ ನುಡಿಸಿದ ಹಲವು ಗಿಟಾರ್‌ಗಳನ್ನು ಒಂದರ ಮೇಲೊಂದು ಪೇರಿಸಿ 1948ರಲ್ಲಿ ತಟ್ಟೆಯೊಂದನ್ನು ಹೊರತಂದ. 1979ರಲ್ಲಿ ಟಾಸ್ಕ್ಯಾಮ್ ಕಂಪನಿಯ ಪೋರ್ಟಾಸ್ಟುಡಿಯೋ ಬಂದಾಗ ಸಾಮಾನ್ಯ ಕ್ಯಾಸೆಟ್ಟಿನ ಮೇಲೆ ನಾಲ್ಕು ಟ್ರ್ಯಾಕ್‌ಗಳನ್ನು ಬೇರೆಬೇರೆಯಾಗಿ ಮುದ್ರಿಸುವುದು ಸಾಧ್ಯವಾಯಿತು. ಬ್ರೂಸ್ ಸ್ಪ್ರಿಂಗ್‌ಸ್ಟೀನ್ 1982ರ ‘ನೆಬ್ರಾಸ್ಕಾ’ವನ್ನು ಅಂಥ ಯಂತ್ರದಲ್ಲೇ ಮನೆಯಲ್ಲಿ ಮುದ್ರಿಸಿದ್ದು. ಅದು ಕೇವಲ ಕರಡಾಗಿತ್ತು, ಕೊನೆಗೆ ಆ ಕರಡೇ ಬಿಡುಗಡೆಯಾಯಿತು. ಕನ್ನಡದಲ್ಲಿ 1978ರ ‘ನಿತ್ಯೋತ್ಸವ’ ಧ್ವನಿಸುರುಳಿ ಭಾವಗೀತೆಯನ್ನು ಮನೆಮನೆಗೆ ತಲುಪಿಸಿತು. ಆದರೆ ಆ ಕಾಲದಲ್ಲಿ ಹಾಡೊಂದನ್ನು ಮುದ್ರಿಸಬೇಕೆಂದರೆ ಸ್ಟುಡಿಯೋ ಬಾಡಿಗೆ, ವಾದ್ಯಗಾರರ ಸಂಭಾವನೆ, ತಂತ್ರಜ್ಞರ ಸಮಯ ಎಲ್ಲವೂ ಒಂದೇ ದಿನ ಕೂಡಿಬರಬೇಕಿತ್ತು. ಮನೆಯಲ್ಲಿ ಗಡಿಯಾರದ ಆ ಒತ್ತಡವಿಲ್ಲ. ಮನೆ ಕೊಡುವ ದೊಡ್ಡ ಅನುಕೂಲ ಅದೇ, ಅಗ್ಗದ ಉಪಕರಣಗಳಲ್ಲ.

ನಮ್ಮ ಮನೆಗಳ ನೆಲ ಮೊಸಾಯಿಕ್ ಅಥವಾ ಟೈಲ್ಸ್, ಗೋಡೆ ಸಿಮೆಂಟಿನದು, ಕಿಟಕಿ ಗಾಜಿನದು. ಈ ಮೂರೂ ಧ್ವನಿಯನ್ನು ಹೀರುವುದಿಲ್ಲ, ವಾಪಸು ಕಳಿಸುತ್ತವೆ. ಧ್ವನಿ ಸೆಕೆಂಡಿಗೆ ಸುಮಾರು 343 ಮೀಟರ್ ಸಾಗುತ್ತದೆ. ಹಾಡುವವರಿಂದ ಒಂದು ಮೀಟರ್ ದೂರದ ಗೋಡೆಗೆ ಬಡಿದು ಹಿಂತಿರುಗಲು ಅದಕ್ಕೆ 6 ಮಿಲಿಸೆಕೆಂಡ್ ಸಾಕು. ಇಷ್ಟು ಬೇಗ ಮರಳಿದ ಧ್ವನಿ ಬೇರೆಯಾಗಿ ಕೇಳಿಸದೆ ಮೂಲ ಧ್ವನಿಯಲ್ಲೇ ಬೆರೆತು, ಡಬ್ಬಿಯೊಳಗೆ ಕೂತು ಹಾಡಿದ ಹಾಗೆ ಮಾಡಿಬಿಡುತ್ತದೆ. ಒಮ್ಮೆ ಹೀಗೆ ಬೆರೆತದ್ದನ್ನು ಆಮೇಲೆ ಪೂರ್ತಿಯಾಗಿ ಬಿಡಿಸಲು ಬರುವುದಿಲ್ಲ.

ಪರಿಹಾರ ಮನೆಯಲ್ಲೇ ಇದೆ. ನೆಲಕ್ಕೆ ಜಮಖಾನ ಹಾಸಬೇಕು, ಹತ್ತಿಯ ಹಾಸಿಗೆಯನ್ನು ಗೋಡೆಗೆ ಒರಗಿಸಬೇಕು, ಹಾಡುವವರ ಬೆನ್ನ ಹಿಂದೆ ದಪ್ಪನೆಯ ಕೌದಿ ತೂಗುಹಾಕಬೇಕು. ಮೈಕು ಬೆನ್ನ ಹಿಂದಿನ ಗೋಡೆಯ ಕಡೆಗೇ ಮುಖ ಮಾಡಿರುವುದರಿಂದ ಅಲ್ಲಿಯ ಕೌದಿಗೇ ಹೆಚ್ಚು ಬೆಲೆ. ಅದನ್ನು ಗೋಡೆಗೆ ಅಂಟಿಸದೆ ಒಂದು ಗೇಣು ಮುಂದಕ್ಕೆ ಬಿಟ್ಟರೆ ಇನ್ನಷ್ಟು ಕೆಳಗಿನ ಸ್ಥಾಯಿಯ ಧ್ವನಿಯನ್ನೂ ಹೀರುತ್ತದೆ. 100 ಹರ್ಟ್ಜ್ ಧ್ವನಿಯ ಒಂದು ತರಂಗದ ಉದ್ದ ಸುಮಾರು ಮೂರೂವರೆ ಮೀಟರ್. ಅಂಥದ್ದನ್ನು ಒಂದಿಂಚಿನ ಫೋಮ್ ತಡೆಯಲಾರದು. ಅದು ತಾರದ ಹೊಳಪನ್ನಷ್ಟೇ ತಿಂದು, ಕೆಳಗಿನ ಗುಂಯ್‌ಗುಟ್ಟುವಿಕೆಯನ್ನು ಹಾಗೇ ಉಳಿಸುತ್ತದೆ. ಮೊಟ್ಟೆಯ ಟ್ರೇಗಳಿಂದ ಉಪಯೋಗವೇ ಇಲ್ಲ. ಬಟ್ಟೆ ತುಂಬಿದ ತೆರೆದ ಬೀರುವಿನ ಎದುರು ನಿಂತು ಹಾಡಿದರೆ ಅದಕ್ಕಿಂತ ಎಷ್ಟೋ ವಾಸಿ.

ಆದರೆ ಕೌದಿಯಾಗಲಿ ಹಾಸಿಗೆಯಾಗಲಿ ಹೊರಗಿನ ಸದ್ದನ್ನು ತಡೆಯುವುದಿಲ್ಲ. ಬೀದಿಯ ಸ್ಕೂಟರು, ಪಕ್ಕದ ಮನೆಯ ಕುಕ್ಕರ್ ಸೀಟಿ, ತರಕಾರಿ ಗಾಡಿಯ ಕೂಗು ಇವಕ್ಕೆಲ್ಲ ಮದ್ದು ಹೊತ್ತು ನೋಡಿಕೊಳ್ಳುವುದೊಂದೇ. ರಾತ್ರಿ ಹತ್ತರ ನಂತರವೋ ಬೆಳಗಿನ ಜಾವವೋ ಕೂರಬೇಕು. ಫ್ಯಾನ್ ಆರಿಸಬೇಕು, ಫ್ರಿಜ್ಜಿನ ಸದ್ದು ಕೇಳಿಸುತ್ತಿದ್ದರೆ ಅದನ್ನೂ ಸ್ವಲ್ಪ ಹೊತ್ತು ನಿಲ್ಲಿಸಬೇಕು. ಮುದ್ರಣದಲ್ಲಿ ಸಣ್ಣಗೆ ಗುಂಯ್ ಎನ್ನುವ ಸದ್ದು ಬಂದರೆ ಅದು ನಮ್ಮ ವಿದ್ಯುತ್ತಿನ 50 ಹರ್ಟ್ಜ್ ಆಗಿರುವ ಸಾಧ್ಯತೆಯೇ ಹೆಚ್ಚು. ಲ್ಯಾಪ್‌ಟಾಪನ್ನು ಚಾರ್ಜರ್‌ನಿಂದ ಬಿಡಿಸಿ ಬ್ಯಾಟರಿಯಲ್ಲಿ ನಡೆಸಿದಾಗ ಸದ್ದು ಹೋದರೆ ಅರ್ತಿಂಗ್ ಪರೀಕ್ಷಿಸಬೇಕು.

ಮೈಕುಗಳಲ್ಲಿ ಡೈನಮಿಕ್, ಕಂಡೆನ್ಸರ್ ಎಂದು ಎರಡು ಮುಖ್ಯ ಬಗೆ. ಕಂಡೆನ್ಸರ್ ಸೂಕ್ಷ್ಮವಾದದ್ದು, ಅದಕ್ಕೆ ಮೈಕನ್ನು ಕಂಪ್ಯೂಟರಿಗೆ ಜೋಡಿಸುವ ಇಂಟರ್‌ಫೇಸ್‌ನಿಂದ 48 ವೋಲ್ಟ್ ಫ್ಯಾಂಟಮ್ ಪವರ್ ಬೇಕು. ಕೋಣೆ ಸರಿಯಿಲ್ಲದಿದ್ದರೆ ಆ ಸೂಕ್ಷ್ಮತೆಯೇ ಶಾಪ. 1960ರ ದಶಕದಲ್ಲಿ ಬಂದು ಇಂದಿಗೂ ವೇದಿಕೆಗಳಲ್ಲಿ ಕಾಣುವ ಶೂರ್ ಎಸ್‌ಎಂ58ರಂಥ ಡೈನಮಿಕ್ ಮೈಕನ್ನು ಬಾಯಿಯ ಹತ್ತಿರ ಇಟ್ಟು ಹಾಡುವುದರಿಂದ ಕೋಣೆ ಅಷ್ಟಾಗಿ ಒಳಗೆ ಬರುವುದಿಲ್ಲ. ತೀರಾ ಹತ್ತಿರವಾದರೆ ಕಂಠದ ಕೆಳಸ್ಥಾಯಿ ಉಬ್ಬುತ್ತದೆ. ದೂರ ಎರಡು ಪಟ್ಟಾದರೆ ನೇರ ಧ್ವನಿಯ ಮಟ್ಟ 6 ಡೆಸಿಬೆಲ್ ಇಳಿದು ಕೋಣೆ ಮುಂದೆ ಬರುತ್ತದೆ. ಕಂಡೆನ್ಸರ್‌ಗೆ ಒಂದು ಗೇಣು ದೂರ ಒಳ್ಳೆಯ ಆರಂಭ. ಪ, ಭ ಅಕ್ಷರಗಳ ಗಾಳಿ ಬಡಿಯದಂತೆ ಪಾಪ್ ಫಿಲ್ಟರ್ ಇಟ್ಟು, ಮೈಕನ್ನು ಬಾಯಿಯ ನೇರದಿಂದ ತುಸು ಓರೆಯಾಗಿಸಬೇಕು. ಹಾರ್ಮೋನಿಯಂಗೆ ಮೈಕು ಎರಡು ಅಡಿ ಮೇಲಿರಲಿ, ಹತ್ತಿರವಾದರೆ ತಿದಿಯ ಉಸಿರೂ ಕೀಲಿಗಳ ಟಕಟಕವೂ ಸೇರಿಕೊಳ್ಳುತ್ತವೆ. ತಂಬೂರಿಯ ಜೀವ ತಂತಿಗಳನ್ನು ಹೊತ್ತ ಕುದುರೆಯ ಬಳಿ ಇದೆ, ಮೈಕಿನ ಮುಖವೂ ಅತ್ತಲೇ ಇರಬೇಕು.

ಎರಡು ಮೈಕು ಸೇರಿಸಬಲ್ಲ ಸಾಧಾರಣ ಆಡಿಯೋ ಇಂಟರ್‌ಫೇಸ್, ಕಿವಿ ಮುಚ್ಚುವ ಹೆಡ್‌ಫೋನ್, ಒಂದು ಸಾಫ್ಟ್‌ವೇರ್ ಇದ್ದರೆ ಸಾಕು. ಆಡಾಸಿಟಿ ಉಚಿತ, ರೀಪರ್ ಅಗ್ಗ, ಆಪಲ್ ಕಂಪ್ಯೂಟರಿಗೆ ಗ್ಯಾರೇಜ್‌ಬ್ಯಾಂಡ್ ಖರ್ಚಿಲ್ಲದೆ ಸಿಗುತ್ತದೆ. ಇವುಗಳಲ್ಲಿ ಒಂದನ್ನು ಆರಿಸಿ ವರ್ಷವಿಡೀ ಬದಲಿಸದಿರುವುದು ಜಾಣತನ. ಮುದ್ರಣ 24 ಬಿಟ್‌ನಲ್ಲಿರಲಿ. ಆಗ ಮಟ್ಟವನ್ನು ಕೆಂಪು ಗೆರೆಯವರೆಗೆ ಏರಿಸುವ ಅಗತ್ಯವಿಲ್ಲ, ಜೋರಾದ ಜಾಗದಲ್ಲೂ ಮೈನಸ್ 10 ಡೆಸಿಬೆಲ್ ಆಸುಪಾಸಿನಲ್ಲಿ ನಿಂತರೆ ಸರಿ. ಕಡಿಮೆ ಮಟ್ಟವನ್ನು ಆಮೇಲೆ ಏರಿಸಬಹುದು, ಒಡೆದ ಧ್ವನಿಯನ್ನು ಕೂಡಿಸಲಾಗದು. ಹಾಡುವಾಗ ತಮ್ಮ ದನಿ ತಡವಾಗಿ ಕಿವಿಗೆ ಬಂದರೆ ಸಾಫ್ಟ್‌ವೇರಿನ ಬಫರ್ ಇಳಿಸಬೇಕು. 48,000 ಹರ್ಟ್ಜ್ ದರದಲ್ಲಿ 256 ಸ್ಯಾಂಪಲ್‌ಗಳ ಬಫರ್ ಎಂದರೆ ಒಂದು ದಿಕ್ಕಿಗೇ 5 ಮಿಲಿಸೆಕೆಂಡ್ ಮೀರುತ್ತದೆ, ಹೋಗಿ ಬರುವುದಕ್ಕೆ ಅದರ ಎರಡು ಪಟ್ಟಿಗೂ ಹೆಚ್ಚು.

ಇನ್ನು ಶ್ರುತಿ. ಪಾಶ್ಚಾತ್ಯ ಸಂಗೀತಕ್ಕೆಂದು ಬರೆದ ಕೈಪಿಡಿಗಳಲ್ಲಿ ಇದರ ಮಾತು ಸಿಗುವುದು ಕಡಿಮೆ. ಬಿಳಿ ನಾಲ್ಕು, ಕಪ್ಪು ಎರಡು ಎಂದು ಹೆಸರು ಹೇಳಿದ ಮಾತ್ರಕ್ಕೆ ಎಲ್ಲ ವಾದ್ಯಗಳೂ ಒಂದೇ ಕಡೆ ನಿಲ್ಲುವುದಿಲ್ಲ. ಹಳೆಯ ಹಾರ್ಮೋನಿಯಂಗಳ ಶ್ರುತಿ ಕೀಬೋರ್ಡಿನ ಶ್ರುತಿಗಿಂತ ತುಸು ಆಚೀಚೆ ಇರುವುದು ಮಾಮೂಲು, ಅದನ್ನು ಕೂತಲ್ಲೇ ತಿರುಗಿಸಿ ಸರಿಮಾಡಲು ಬರುವುದಿಲ್ಲ. ಹಾಗಾಗಿ ಅದನ್ನೇ ಮೊದಲು ಟ್ಯೂನರ್‌ನಲ್ಲಿ ಅಳೆದು, ತಂಬೂರಿಯನ್ನೂ ತಬಲಾವನ್ನೂ ಕಂಪ್ಯೂಟರಿನ ವಾದ್ಯಗಳನ್ನೂ ಅದಕ್ಕೆ ಹೊಂದಿಸಬೇಕು. ಕೊಳಲು, ವೀಣೆಗಳನ್ನು ಸೇರಿಸುವುದಿದ್ದರೆ ಈ ಲೆಕ್ಕ ಹಾಡು ಶುರುವಾಗುವ ಮೊದಲೇ ಮುಗಿದಿರಬೇಕು.

ತಾಳದ ವಿಷಯದಲ್ಲಿ ಕ್ಲಿಕ್ ಎಂಬ ಯಂತ್ರದ ಟಿಕ್‌ಟಿಕ್‌ಗೆ ಹಾಡಿದರೆ ಜೋಡಣೆ ಸುಲಭ. ಆದರೆ ಭಾವಗೀತೆಯ ಚರಣದ ಕೊನೆಯಲ್ಲಿ ಮಾತು ತಡೆದು ನಿಲ್ಲುವ ಜಾಗಗಳಿರುತ್ತವೆ, ಕ್ಲಿಕ್ ಅವನ್ನು ಉಳಿಸುವುದಿಲ್ಲ. ಹಾರ್ಮೋನಿಯಂ ಹಿಡಿದು ಇಡೀ ಹಾಡನ್ನು ಒಮ್ಮೆ ಒರಟಾಗಿ ಹಾಡಿ, ಆ ಕರಡನ್ನು ಕೇಳುತ್ತ ತಬಲಾ ನುಡಿಸಿ, ಕೊನೆಗೆ ನಿಜವಾದ ಕಂಠವನ್ನು ಮುದ್ರಿಸುವುದು ಉತ್ತಮ ಕ್ರಮ. ಕರಡು ಗಾಯನವನ್ನು ಅಳಿಸುವ ಅವಸರ ಬೇಡ, ಕೆಲವೊಮ್ಮೆ ಅದರಲ್ಲೇ ಒಂದು ಸಾಲು ಎಲ್ಲಕ್ಕಿಂತ ಚೆನ್ನಾಗಿ ಬಂದಿರುತ್ತದೆ.

ಅಪಸ್ವರ ತಿದ್ದುವ ಆಟೋಟ್ಯೂನ್ 1997ರಲ್ಲಿ ಬಂತು. ಅದನ್ನು ರೂಪಿಸಿದ ಆಂಡಿ ಹಿಲ್ಡಬ್ರಾಂಡ್ ಅದಕ್ಕೆ ಮುಂಚೆ ತೈಲ ಶೋಧನೆಗಾಗಿ ಭೂಕಂಪನದ ಅಲೆಗಳನ್ನು ವಿಶ್ಲೇಷಿಸುತ್ತಿದ್ದವರು. ಈ ಸಾಫ್ಟ್‌ವೇರ್ ಪ್ರತಿ ಸ್ವರವನ್ನೂ ಹತ್ತಿರದ ಮನೆಗೆ ಎಳೆದು ಕೂರಿಸುತ್ತದೆ. ತೋಡಿಯ ಗಾಂಧಾರ ಒಂದೆಡೆ ಕೂರುವ ಸ್ವರವೇ ಅಲ್ಲ, ಅದರ ಅಲುಗಾಟದಲ್ಲೇ ರಾಗವಿದೆ. ಗಮಕ, ಮೀಂಡುಗಳಿರುವ ಹಾಡಿಗೆ ಇದನ್ನು ಇಡಿಯಾಗಿ ಹಚ್ಚುವುದು ಹಾಡನ್ನು ಕೊಂದಂತೆ. ಎಳೆದು ನಿಂತ ಒಂದು ಸ್ವರ ಜಾರಿದ್ದರೆ ಅದನ್ನಷ್ಟೇ ತಿದ್ದಬಹುದು. ಮತ್ತೊಮ್ಮೆ ಹಾಡುವುದು ಅದಕ್ಕಿಂತಲೂ ಮೇಲು.

ಮಿಕ್ಸಿಂಗ್ ಎಂದರೆ ಮುಖ್ಯವಾಗಿ ಮಟ್ಟಗಳ ಹೊಂದಾಣಿಕೆ. ಕಂಠದಲ್ಲಿ 80 ಹರ್ಟ್ಜ್‌ಗಿಂತ ಕೆಳಗಿನದ್ದನ್ನು ಕತ್ತರಿಸಿದರೆ ನಷ್ಟವಿಲ್ಲ. ಕಂಠವೂ ಹಾರ್ಮೋನಿಯಮ್ಮೂ ಹೆಚ್ಚುಕಡಿಮೆ ಒಂದೇ ಜಾಗದಲ್ಲಿ ವಾಸಿಸುವುದರಿಂದ, ಕಂಠ ಮುಳುಗಿದಾಗ ಅದನ್ನು ಏರಿಸುವ ಬದಲು ಹಾರ್ಮೋನಿಯಮ್ಮನ್ನು ಇಳಿಸಬೇಕು. ಕಂಪ್ರೆಸರ್ ಜೋರಾದುದನ್ನು ತಗ್ಗಿಸುತ್ತದೆ: 3:1 ಎಂದಿಟ್ಟರೆ ಮಿತಿಯಿಂದ 3 ಡೆಸಿಬೆಲ್ ಮೀರಿದ್ದು 1 ಆಗಿ ಹೊರಬರುತ್ತದೆ. ಹೊಸಬರು ರಿವರ್ಬ್ ಎಂಬ ಕೃತಕ ಪ್ರತಿಧ್ವನಿಯನ್ನು ಧಾರಾಳವಾಗಿ ಸುರಿಯುತ್ತಾರೆ, ಆಗ ಒತ್ತಕ್ಷರಗಳು ಕರಗಿಹೋಗುತ್ತವೆ. ರಿವರ್ಬ್ ಶುರುವಾಗುವುದನ್ನು 20ರಿಂದ 40 ಮಿಲಿಸೆಕೆಂಡ್ ತಡಮಾಡಿದರೆ ಮಾತು ಸ್ಪಷ್ಟವಾಗಿ ಉಳಿಯುತ್ತದೆ. ಇದಕ್ಕೊಂದು ಪರೀಕ್ಷೆಯಿದೆ. ಆ ಕವಿತೆಯನ್ನು ಓದಿರದ ಒಬ್ಬರಿಗೆ ಹಾಡು ಕೇಳಿಸಿ, ಸಾಹಿತ್ಯವನ್ನು ಬರೆದುಕೊಳ್ಳಲು ಹೇಳಬೇಕು. ಅವರು ಬರೆಯಲಾರದೆ ಹೋದರೆ ಮಿಕ್ಸ್ ಇನ್ನೂ ಮುಗಿದಿಲ್ಲ.

ಜೋರಾಗಿ ಕೇಳಿದರೆ ಎಲ್ಲವೂ ಚೆನ್ನಾಗಿಯೇ ಕೇಳಿಸುತ್ತದೆ. ಕಿವಿ ಕಡಿಮೆ ಮಟ್ಟದಲ್ಲಿ ಕೆಳಸ್ಥಾಯಿಯನ್ನು ಕಡಿಮೆ ಗ್ರಹಿಸುತ್ತದೆ ಎಂಬುದನ್ನು ಫ್ಲೆಚರ್ ಮತ್ತು ಮನ್ಸನ್ 1933ರಲ್ಲೇ ಅಳೆದು ತೋರಿಸಿದ್ದರು. ಮೆಲ್ಲಗೆ ಕೇಳಿ ನಿರ್ಧರಿಸಬೇಕು, ಮಾರನೆಯ ದಿನ ಮತ್ತೆ ಕೇಳಬೇಕು, ಮೊಬೈಲ್ ಸ್ಪೀಕರ್‌ನಲ್ಲೂ ಕಾರಿನಲ್ಲೂ ಕೇಳಬೇಕು. ಮೊಬೈಲಿನಲ್ಲಿ ತಬಲಾದ ಡಗ್ಗದ ಗುಂಕಾರ ಕಾಣೆಯಾಗುವುದು ಸಹಜ, ತಾಳವೇ ಕಾಣೆಯಾದರೆ ತಿದ್ದಬೇಕು. ಕೊನೆಯ ಹಂತದಲ್ಲಿ ಹಾಡನ್ನು ಹಿಂಡಿ ಜೋರು ಮಾಡುವುದರಿಂದ ಲಾಭವಿಲ್ಲ. ಯೂಟ್ಯೂಬ್, ಸ್ಪಾಟಿಫೈಗಳು ಎಲ್‌ಯುಎಫ್‌ಎಸ್ ಎಂಬ ಜೋರಿನ ಅಳತೆಯಲ್ಲಿ ಮೈನಸ್ 14ರ ಆಸುಪಾಸಿಗಿಂತ ಜೋರಾದುದನ್ನು ತಾವೇ ಇಳಿಸುತ್ತವೆ.

ಹಾಡನ್ನು ಹೊರಬಿಡುವ ಮುನ್ನ ಹಕ್ಕಿನ ಪ್ರಶ್ನೆ ಬರುತ್ತದೆ. 1957ರ ಕೃತಿಸ್ವಾಮ್ಯ ಕಾಯಿದೆಯಂತೆ ಕವಿ ತೀರಿಕೊಂಡ ನಂತರ 60 ವರ್ಷ ಹಕ್ಕು ಉಳಿಯುತ್ತದೆ. 1981ರಲ್ಲಿ ತೀರಿಕೊಂಡ ಬೇಂದ್ರೆಯವರ ಕವಿತೆಗಳಿಗೆ 2041ರ ಕೊನೆಯವರೆಗೂ, 1994ರಲ್ಲಿ ತೀರಿಕೊಂಡ ಕುವೆಂಪು ಅವರ ಕವಿತೆಗಳಿಗೆ 2054ರ ಕೊನೆಯವರೆಗೂ ಅನುಮತಿ ಬೇಕು. ಪುರಂದರದಾಸರ ಪದಗಳಿಗೆ ಯಾರ ಅಪ್ಪಣೆಯೂ ಬೇಡ, ಆದರೆ ಅವಕ್ಕೆ ನಮ್ಮ ಕಾಲದವರು ಹಾಕಿದ ಧಾಟಿಗೆ ಬೇಕು. ಕಿರಿಯರು ಅನುಮತಿಯನ್ನು ಬರಹದಲ್ಲೇ ಪಡೆಯಲಿ. ಕವಿಯ, ಸ್ವರ ಸಂಯೋಜಕರ, ತಬಲಾ ನುಡಿಸಿದವರ ಹೆಸರುಗಳನ್ನು ಹಾಡಿನ ಜೊತೆಗೇ ಪ್ರಕಟಿಸಲಿ.

ಆಶೀರ್ವಾದಗಳೊಂದಿಗೆ,
ಒಬ್ಬ ಹಿರಿಯ