ಬಾಲನಟನ ದುಡಿಮೆ ಯಾರ ಲೆಕ್ಕಕ್ಕೆ?

ಪುನೀತ್ ರಾಜ್‌ಕುಮಾರ್ ನಾಯಕನಟರಾಗುವ ಮೊದಲು ‘ಮಾಸ್ಟರ್ ಲೋಹಿತ್’ ಎಂಬ ಬಾಲನಟರಾಗಿದ್ದರು. 1985ರ ‘ಬೆಟ್ಟದ ಹೂವು’ ಚಿತ್ರದ ಅಭಿನಯಕ್ಕೆ ಅವರಿಗೆ ಅತ್ಯುತ್ತಮ ಬಾಲನಟ ರಾಷ್ಟ್ರಪ್ರಶಸ್ತಿ ಬಂತು. ಅದರಲ್ಲಿ ಬಡ ಹುಡುಗ ರಾಮು ಕಾಡಿನ ಅಪರೂಪದ ಹೂಗಳನ್ನು ಮಾರಿ, ಪುಸ್ತಕ ಕೊಳ್ಳಲು ಹಣ ಕೂಡಿಡುತ್ತಾನೆ. ಕೊನೆಗೆ ಮನೆಯವರಿಗಾಗಿ ಕಂಬಳಿ ತರುತ್ತಾನೆ. ಹಣ ಅವನದು, ತೀರ್ಮಾನವೂ ಅವನದೇ. ಆದರೆ ನಿಜವಾದ ಬಾಲನಟರ ಹಣ ಯಾರದು? ವಾಣಿಜ್ಯ ವಿದ್ಯಾರ್ಥಿಯಾದ ನಾನು ಇದನ್ನು ತಿಳಿಯಲು ಹೊರಟೆ.

ಅಮೆರಿಕದ ಜಾಕಿ ಕೂಗನ್ 1921ರಲ್ಲಿ ಚಾರ್ಲಿ ಚಾಪ್ಲಿನ್ ಅವರ ‘ದಿ ಕಿಡ್’ ಚಿತ್ರದಿಂದ ಪ್ರಸಿದ್ಧನಾದ. ಬಾಲ್ಯದಲ್ಲಿ ಅವನು ದುಡಿದದ್ದು 30 ಲಕ್ಷ ಡಾಲರಿಗೂ ಹೆಚ್ಚೆಂದು ಅಂದಾಜು. ದೊಡ್ಡವನಾದಾಗ ಅದರಲ್ಲಿ ಹೆಚ್ಚಿನ ಹಣ ಉಳಿದಿರಲಿಲ್ಲ. 1938ರಲ್ಲಿ ತಾಯಿ ಮತ್ತು ಮಲತಂದೆಯ ಮೇಲೆ ದಾವೆ ಹೂಡಿದ. ಆಗಿನ ಕಾನೂನಿನಲ್ಲಿ ಮಗುವಿನ ಸಂಪಾದನೆ ಪೋಷಕರದೇ. ಅವನಿಗೆ ಸಿಕ್ಕದ್ದು ಸುಮಾರು 1,26,000 ಡಾಲರ್. ಈ ಪ್ರಕರಣದಿಂದ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬಾಲನಟರ ಹಣ ಕಾಯುವ ಕಾನೂನು ಬಂತು. ಕೂಗನ್ 1960ರ ದಶಕದಲ್ಲಿ ಟಿ.ವಿ. ನಟನಾಗಿ ಮತ್ತೆ ಹೆಸರು ಮಾಡಿದ.

ನಮ್ಮ ದೇಶದಲ್ಲಿ 2017ರ ಬಾಲಕಾರ್ಮಿಕ ನಿಯಮಗಳ ಪ್ರಕಾರ 14 ವರ್ಷದೊಳಗಿನ ಕಲಾವಿದರು ದಿನಕ್ಕೆ 5 ಗಂಟೆಗಿಂತ ಹೆಚ್ಚು ಕೆಲಸ ಮಾಡುವಂತಿಲ್ಲ. ಸತತ 27 ದಿನ ಮೀರುವಂತಿಲ್ಲ. ಸಂಪಾದನೆಯಲ್ಲಿ ಕನಿಷ್ಠ ಶೇ. 20ನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಲ್ಲೇ ನಿಶ್ಚಿತ ಠೇವಣಿ ಇಡಬೇಕು.

ಲೆಕ್ಕ ಹಾಕೋಣ. 8 ವರ್ಷದ ಮಗು ₹1,00,000 ದುಡಿದರೆ ಠೇವಣಿ ₹20,000. ವರ್ಷಕ್ಕೆ ಶೇ. 7 ಚಕ್ರಬಡ್ಡಿ ಎಂದುಕೊಂಡರೆ, 18 ತುಂಬುವಾಗ ಸುಮಾರು ₹39,343. ಉಳಿದ ₹80,000 ಠೇವಣಿ ಇಡಬೇಕೆಂಬ ಕಡ್ಡಾಯವಿಲ್ಲ. ನನ್ನ ಅಭಿಪ್ರಾಯದಲ್ಲಿ ಶೇ. 20 ಕಡಿಮೆಯಾಯಿತು.

ವ್ಯವಹಾರ ಬೇರೆ, ಮಾಲೀಕ ಬೇರೆ ಎಂದು ಅಕೌಂಟೆನ್ಸಿಯಲ್ಲಿ ಕಲಿತಿದ್ದೇವೆ. ಹಾಗೆಯೇ ಮಗುವಿನ ಲೆಕ್ಕ ಬೇರೆ, ಮನೆಯ ಲೆಕ್ಕ ಬೇರೆ. ಕನ್ನಡ ಪತ್ರಿಕೆಗಳಲ್ಲಿ ‘ಅಮಾನತು’ ಎಂದರೆ ಕೆಲಸದಿಂದ ತಾತ್ಕಾಲಿಕವಾಗಿ ತೆಗೆಯುವುದು. ನಮ್ಮ ಮನೆಯ ಉರ್ದುವಿನಲ್ಲಿ ‘ಅಮಾನತ್’ ಎಂದರೆ ಒಬ್ಬರು ನಂಬಿ ನಮ್ಮ ಬಳಿ ಇಟ್ಟದ್ದು. ಮಗುವಿನ ಹಣ ಪೋಷಕರ ಕೈಯಲ್ಲಿರುವ ಅಮಾನತ್.

ಎಮ್ಮೆದೊಡ್ಡಿಯಲ್ಲಿ ನಾವು ಸಿನಿಮಾ ನಟರಲ್ಲ. ಆದರೂ ರಜೆಯಲ್ಲಿ ಅಂಗಡಿ, ತೋಟಗಳಲ್ಲಿ ದುಡಿಯುವ ಗೆಳೆಯರಿದ್ದಾರೆ. ನಾನೂ ಮಾಮೂ ಅಂಗಡಿಯಲ್ಲಿ ದುಡಿದದ್ದನ್ನು ಅಮ್ಮಿಗೆ ಕೊಡುತ್ತೇನೆ. ರಾಮುವಿನ ಹಾಗೆ ಮನೆಗೆ ಕೊಡುವುದು ಸಂತೋಷವೇ. ಆದರೆ ಎಷ್ಟು ದುಡಿದೆವು, ಎಷ್ಟು ಕೊಟ್ಟೆವು ಎಂದು ಬರೆದಿಡೋಣ. 10 ವರ್ಷ ತುಂಬಿದವರು ಬ್ಯಾಂಕಿನ ಷರತ್ತಿಗೊಳಪಟ್ಟು ತಾವೇ ಉಳಿತಾಯ ಖಾತೆ ನಡೆಸಬಹುದು. ಖಾತೆ ಇಲ್ಲದವರು ಈ ರಜೆಯಲ್ಲೇ ತೆರೆಯಿರಿ.